ಎರಡು ಮುಖಪುಟಗಳ ಪುಸ್ತಕ

ವಿಶ್ವವಿದ್ಯಾಲಯಗಳು ತಮ್ಮ ಗ್ರಂಥಾಲಯದ ಬಗ್ಗೆ ತಾವೇ ಅಚ್ಚು ಹಾಕಿಸಿಕೊಳ್ಳುವ ಪುಸ್ತಕಗಳನ್ನು ನನ್ನಷ್ಟು ಓದಿದವರು ಕುವೈತಿನಲ್ಲಿ ಇನ್ನೊಬ್ಬರು ಸಿಗಲಾರರು. ಇದನ್ನು ಜಂಬ ಅಂದುಕೊಳ್ಳಬೇಡಿ. ಇಲ್ಲಿನ ಒಂದು ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಇಪ್ಪತ್ತು ವರ್ಷಕ್ಕೂ ಮೇಲ್ಪಟ್ಟು ಕ್ಯಾಟಲಾಗರ್ ಆಗಿದ್ದವಳು ನಾನು. ಪುಸ್ತಕ ಬಂದರೆ ಅದು ಯಾರದು, ಯಾವ ವಿಷಯದ್ದು, ಯಾವ ಕಪಾಟಿನಲ್ಲಿ ಕೂರಬೇಕು ಅಂತ ತೀರ್ಮಾನಿಸಿ, ಹುಡುಕಿಕೊಂಡು ಬಂದವರ ಕೈಗೆ ಸಿಗುವ ಹಾಗೆ ದಾಖಲಿಸುವುದು ನನ್ನ ಕೆಲಸ. ಮೊದಲು ಈ ಪುಸ್ತಕಗಳನ್ನು ಕೆಲಸಕ್ಕಾಗಿ ಓದಿದೆ, ಆಮೇಲೆ ಸಿಟ್ಟಿಗಾಗಿ ಓದಿದೆ.

ಇವನ್ನು ಯಾರೂ ದುಡ್ಡು ಕೊಟ್ಟು ಕೊಳ್ಳುವುದಿಲ್ಲ. ಒಂದು ವಿಶ್ವವಿದ್ಯಾಲಯ ಇನ್ನೊಂದಕ್ಕೆ ಉಡುಗೊರೆಯಾಗಿ ಕಳಿಸುತ್ತದೆ, ಗೃಹಪ್ರವೇಶಕ್ಕೆ ಬರುವ ಗೋಡೆ ಗಡಿಯಾರಗಳ ಹಾಗೆ. ದಪ್ಪ ರಟ್ಟು, ಹೊಳೆಯುವ ಕಾಗದ, ಬಿಡಿಸಿದರೆ ಪುಟಕ್ಕೆ ಪುಟ ಅಂಟಿಕೊಂಡ ಸದ್ದು. ನಾನು ಮಧ್ಯಾಹ್ನ ಮೊಸರನ್ನದ ಡಬ್ಬಿ ತೆರೆದುಕೊಂಡು ಒಂದೊಂದನ್ನೇ ಓದುತ್ತಿದ್ದೆ. ಎಲ್ಲದರಲ್ಲೂ ಮೊದಲು ಸ್ಥಾಪಕರ ಚಿತ್ರ, ಆಮೇಲೆ ಶಂಕುಸ್ಥಾಪನೆ, ಆಮೇಲೆ ಗ್ರಂಥಪಾಲಕರ ಸಾಲು, ಪುಸ್ತಕಗಳು ಇಷ್ಟು ಲಕ್ಷ, ಹೊಸ ಕಟ್ಟಡಕ್ಕೆ ಇಷ್ಟು ಮಹಡಿ. ಆ ಲಕ್ಷಗಟ್ಟಲೆ ಪುಸ್ತಕ ತಾವೇ ಲಾರಿ ಇಳಿದು, ನಡೆದುಕೊಂಡು ಬಂದು, ಕಪಾಟು ಹತ್ತಿ ಸಾಲಾಗಿ ಕೂತವು ಅಂತ ಓದುವವರು ನಂಬಬೇಕು. ಜೋಡಿಸಿದ ಕೈಗಳ ಸುದ್ದಿ ಒಂದು ಸಾಲು ಕೂಡ ಇರುತ್ತಿರಲಿಲ್ಲ. ಬಹಳವೆಂದರೆ ಕೊನೆಯ ಪುಟದಲ್ಲಿ 'ಸಿಬ್ಬಂದಿ ವರ್ಗಕ್ಕೂ ಕೃತಜ್ಞತೆಗಳು'. ಆ 'ಊ' ಪ್ರತ್ಯಯ ಕಂಡರೆ ನನಗೆ ಮೈ ಉರಿಯುತ್ತಿತ್ತು.

ಹಾಗಿರುವಾಗ ನಮ್ಮ ವಿಶ್ವವಿದ್ಯಾಲಯವೂ ಅಂಥದೊಂದು ಪುಸ್ತಕ ತರುತ್ತದೆ ಎಂಬ ಸುದ್ದಿ ಬಂತು. ಗ್ರಂಥಾಲಯ ಹೊಸ ಕಟ್ಟಡಕ್ಕೆ ಹೋಗುವುದಿತ್ತು. ಹಳೆಯದನ್ನು ಬಿಡುವ ಮೊದಲು ಅದರ ಇತಿಹಾಸ ಬರೆಸಬೇಕು, ಅರಬ್ಬಿ ಮತ್ತು ಇಂಗ್ಲಿಷ್ ಎರಡರಲ್ಲೂ ಬರಬೇಕು, ವಿಶ್ವವಿದ್ಯಾಲಯದ ಪ್ರಕಾಶನವೇ ಪ್ರಕಟಿಸಬೇಕು ಅಂತ ಮೇಲಿನಿಂದ ಅಪ್ಪಣೆಯಾಯಿತು. ನಮ್ಮ ನಿರ್ದೇಶಕಿ ಕುವೈತಿ ಹೆಂಗಸು, ನನಗಿಂತ ಹಿರಿಯರು, ನಿವೃತ್ತಿಗೆ ಹತ್ತಿರವಾಗಿದ್ದವರು. ಒಂದು ಬೆಳಿಗ್ಗೆ ನೆಲಮಾಳಿಗೆಯ ನಮ್ಮ ಕೋಣೆಗೆ ತಾವೇ ಇಳಿದು ಬಂದರು.

“ಹಬೀಬ್ತಿ, ಈ ಕೋಣೆಯ ಕಥೆ ನೀನು ಬರಿ. ಹಳಬರಲ್ಲಿ ಉಳಿದಿರೋದು ನೀನೊಬ್ಬಳೇ,” ಅಂದರು.

“ಎಷ್ಟು ಪುಟ ಬರೀಲಿ ಡಾಕ್ಟರಾ?” ಅಂದೆ. ಪಿಎಚ್‌ಡಿ ಮಾಡಿದ ಹೆಂಗಸರನ್ನು ಇಲ್ಲಿ ಹಾಗೇ ಕರೆಯುವುದು.

“ಹೇಳೋದು ಎಷ್ಟಿದೆಯೋ ಅಷ್ಟು.”

ಅಷ್ಟು ವರ್ಷದಲ್ಲಿ ನನಗೆ ಯಾರೂ ಅಂಥ ಮಾತು ಹೇಳಿರಲಿಲ್ಲ. ಮೂರು ವಾರ ಬೆಳಿಗ್ಗೆ ಬೇಗ ಎದ್ದು, ಸಾಲ್ಮಿಯಾದ ನಮ್ಮ ಫ್ಲಾಟಿನ ಅಡುಗೆಮನೆ ಮೇಜಿನ ಮುಂದೆ ಕೂತು ಬರೆದೆ. ಮೊದಲು ಬರೆದದ್ದು ಕನ್ನಡದಲ್ಲಿ. ಸಿಟ್ಟು ನನಗೆ ಕನ್ನಡದಲ್ಲೇ ಚೆನ್ನಾಗಿ ಬರುವುದು. ಆಮೇಲೆ ಅದನ್ನು ಇಂಗ್ಲಿಷಿಗೆ ತಿರುಗಿಸಿ, ಸಿಟ್ಟನ್ನು ಸ್ವಲ್ಪ ತಣ್ಣಗೆ ಮಾಡಿ, ಕೊಟ್ಟೆ.

ಏನು ಬರೆದೆ? ನಾವು ಆರು ಹೆಂಗಸರು ಇದ್ದೆವು ಅಂತ ಬರೆದೆ. ಮಂಡ್ಯದ ಕಡೆಯ ನಾನು, ಒಬ್ಬಳು ಮಲಯಾಳಿ, ಒಬ್ಬಳು ಈಜಿಪ್ಟಿನವಳು, ಒಬ್ಬಳು ಪ್ಯಾಲೆಸ್ಟೀನಿನವಳು, ಇಬ್ಬರು ಫಿಲಿಪೀನ್ಸಿನವರು. ಹೊರಗೆ ಬೆಂಕಿಯಂಥ ಬಿಸಿಲು, ಒಳಗೆ ಏಸಿ ಚಳಿ. ನಾನು ಜೀವಮಾನದಲ್ಲಿ ಸ್ವೆಟರ್ ಹಾಕಲು ಕಲಿತದ್ದೇ ಕುವೈತಿನಲ್ಲಿ. ನಮ್ಮ ಕೋಣೆಗೆ ಎರಡು ಟ್ರಾಲಿ ಬರುತ್ತಿದ್ದವು, ಒಂದು ಇಂಗ್ಲಿಷ್ ಪುಸ್ತಕಗಳದು, ಇನ್ನೊಂದು ಅರಬ್ಬಿಯದು. ಅರಬ್ಬಿ ಪುಸ್ತಕ ಬಲಗಡೆಯಿಂದ ತೆರೆಯುತ್ತದೆ. ಹೊಸದಾಗಿ ನಮ್ಮ ದೇಶದಿಂದ ಬಂದವರಿಗೆ ಇದು ತಲೆಗೆ ಗೊತ್ತಿದ್ದರೂ ಕೈಗೆ ಗೊತ್ತಿರುವುದಿಲ್ಲ. ಮುದ್ರೆ ಒತ್ತಿ, ಚೀಟಿ ಅಂಟಿಸಿ ಅಂತ ಕೊಟ್ಟರೆ ಎಡಗಡೆ ರಟ್ಟು ಎತ್ತಿ, ಅಲ್ಲೇ ಒತ್ತಿ, ಅಲ್ಲೇ ಅಂಟಿಸಿ ಇಡೀ ಟ್ರಾಲಿ ಮುಗಿಸಿಬಿಡುತ್ತಿದ್ದರು. ಎರಡೂ ತುದಿಯಲ್ಲಿ ಚೀಟಿ ಇರುವ ಅರಬ್ಬಿ ಪುಸ್ತಕಗಳು ಇಂದಿಗೂ ಕಪಾಟಿನಲ್ಲಿವೆ. ಹಾಗೊಂದು ಸಿಕ್ಕಿದರೆ ಈಜಿಪ್ಟಿನವಳು ಎತ್ತಿ ಹಿಡಿದು, “ನೋಡಿ, ನಿಮ್ಮ ದೇಶದವರ ಹಸ್ತಾಕ್ಷರ,” ಅಂತ ನನ್ನನ್ನು ರೇಗಿಸುತ್ತಿದ್ದಳು. ಅದನ್ನೂ ಬರೆದೆ.

ಮುಖ್ಯವಾಗಿ ಬರೆದದ್ದು ಕಾರ್ಡುಗಳ ಬಗ್ಗೆ. ಹಳೆಯ ಗ್ರಂಥಾಲಯದಲ್ಲಿ ಪುಸ್ತಕಕ್ಕೊಂದು ಕಾರ್ಡು, ಗೋಡೆಯುದ್ದ ಮರದ ಡ್ರಾಯರುಗಳು. ಅವಷ್ಟನ್ನೂ ಕಂಪ್ಯೂಟರಿಗೆ ಹತ್ತಿಸಿದ್ದು ನಾವು ಆರು ಜನ. ಒಂದೊಂದೇ ಕಾರ್ಡು ತೆಗೆದು, ಕಪಾಟಿಗೆ ಹೋಗಿ ಪುಸ್ತಕ ನೋಡಿ, ತಪ್ಪಿದ್ದರೆ ತಿದ್ದಿ, ಎರಡು ಲಿಪಿಯಲ್ಲಿ ಟೈಪು ಮಾಡಿದ್ದು. ಧೂಳುಗಾಳಿ ಎದ್ದ ದಿನ ನೆಲಮಾಳಿಗೆಗೂ ಮರಳು ನುಗ್ಗಿ ಕೀಬೋರ್ಡು ಕರಕರ ಅನ್ನುತ್ತಿತ್ತು. ರಂಜಾನಿನಲ್ಲಿ ಉಪವಾಸವಿದ್ದ ಇಬ್ಬರ ಎದುರಿಗೆ ತಿನ್ನಬಾರದು ಅಂತ ನಾವು ನಾಲ್ವರು ಸ್ಟೋರ್ ರೂಮಿಗೆ ಹೋಗಿ ಊಟ ಮಾಡಿ ಬರುತ್ತಿದ್ದೆವು. ವರ್ಷಗಳು ಹಿಡಿದವು. ಕೊನೆಯ ಡ್ರಾಯರು ಖಾಲಿಯಾದ ದಿನ ಈಜಿಪ್ಟಿನವಳು ರವೆಯಲ್ಲಿ ಮಾಡಿದ ಸಿಹಿ ತಂದು, ಅದೇ ಡ್ರಾಯರಿನೊಳಗೆ ಕಾಗದ ಹಾಸಿ ಇಟ್ಟು ಎಲ್ಲರಿಗೂ ಹಂಚಿದಳು. ಮಲಯಾಳಿ ಗೆಳತಿ ಅತ್ತುಬಿಟ್ಟಳು. ಆಮೇಲೆ ಒಬ್ಬೊಬ್ಬರಾಗಿ ಹೋದರು. ಒಬ್ಬಳು ಕೆನಡಾಗೆ, ಇಬ್ಬರು ತಮ್ಮ ಊರಿಗೆ, ಇನ್ನಿಬ್ಬರು ಬೇರೆ ಗಲ್ಫ್ ದೇಶಕ್ಕೆ. ಆ ಆರು ಹೆಸರುಗಳನ್ನೂ ಅಧ್ಯಾಯದಲ್ಲಿ ಪೂರ್ತಿಯಾಗಿ ಬರೆದೆ. ಇಲ್ಲಿ ಬರೆಯುತ್ತಿಲ್ಲ, ಅಲ್ಲಿ ಬರೆದಾಗಿದೆ.

ಈಗ ಉಪನಿರ್ದೇಶಕರ ವಿಷಯಕ್ಕೆ ಬರುತ್ತೇನೆ. ಅವರು ನಮ್ಮ ದೇಶದವರೇ, ಉತ್ತರದ ಕಡೆಯವರು, ಕುವೈತಿಗೆ ಬಂದು ಎರಡು ವರ್ಷ ಕೂಡ ಸರಿಯಾಗಿ ಆಗಿರಲಿಲ್ಲ. ಒಳ್ಳೆ ಸೂಟು, ಒಳ್ಳೆ ಇಂಗ್ಲಿಷು, ಅರಬ್ಬಿ ಒಂದಕ್ಷರ ಬಾರದು. ಪುಸ್ತಕದ ಸಂಪಾದಕ ಸಮಿತಿಗೆ ಅವರೇ ಅಧ್ಯಕ್ಷರು. ಅವರೂ ಒಂದು ಅಧ್ಯಾಯ ಬರೆದಿದ್ದರು, 'ಡಿಜಿಟಲ್ ಯುಗಕ್ಕೆ ಪಯಣ' ಅಂತ. ಕರಡು ತಿದ್ದಲು ಅದು ನನ್ನ ಹತ್ತಿರವೇ ಬಂತು. ಓದಿದೆ. ಗ್ರಂಥಾಲಯದ ಇಡೀ ಕ್ಯಾಟಲಾಗ್ ಗಣಕೀಕರಣವಾದದ್ದು ತಮ್ಮ ಮಾರ್ಗದರ್ಶನದಲ್ಲಿ ಎಂದು ಬರೆದುಕೊಂಡಿದ್ದರು. ಅವರು ಮಾಡಿದ್ದು ಹಳೆಯ ಸಾಫ್ಟ್‌ವೇರ್ ತೆಗೆದು ಹೊಸ ಸಾಫ್ಟ್‌ವೇರ್ ಹಾಕಿಸಿದ್ದು. ಒಳಗಿದ್ದ ದಾಖಲೆಗಳೆಲ್ಲ ನಮ್ಮವು.

ಅವರ ಅಧ್ಯಾಯದ ಕಾಗುಣಿತವನ್ನು ಮಾತ್ರ ತಿದ್ದಿ ಕಳಿಸಿದೆ. ಅವರು ನನ್ನ ಅಧ್ಯಾಯ ಓದಿದ ಮರುದಿನವೇ ಕರೆಸಿದರು.

“ಅರೇ ಮೇಡಂ, ಬಹಳ ಚೆನ್ನಾಗಿ ಬರೆದಿದ್ದೀರಿ. ಆದರೆ ಇದು ಇತಿಹಾಸ ಅಲ್ಲ, ನೆನಪು. ಚೀಟಿ ತಪ್ಪು ಅಂಟಿಸಿದ್ದು, ಸಿಹಿ ಹಂಚಿದ್ದು, ಇದೆಲ್ಲ ಯಾರಿಗೆ ಬೇಕು?” ಅಂತ ನಕ್ಕರು. “ಇದರಲ್ಲಿ ಬೇಕಾದ ಮಾಹಿತಿ ತೆಗೆದು ನನ್ನ ಅಧ್ಯಾಯದಲ್ಲಿ ಸೇರಿಸಿಕೊಳ್ಳುತ್ತೇನೆ. ಕೃತಜ್ಞತೆಯಲ್ಲಿ ನಿಮ್ಮ ವಿಭಾಗದ ಹೆಸರು ಹಾಕೋಣ.”

“ವಿಭಾಗದ ಹೆಸರು ಬೇಡ ಡಾಕ್ಟರ್. ಅಧ್ಯಾಯ ಹಾಕಿದರೆ ಇಡಿಯಾಗಿ ಹಾಕಿ, ನನ್ನ ಹೆಸರಿನಲ್ಲಿ ಹಾಕಿ. ಇಲ್ಲವಾದರೆ ವಾಪಸ್ ಕೊಡಿ.”

ಅವರ ನಗು ನಿಂತಿತು. “ನಿಮ್ಮ ಕಾಂಟ್ರಾಕ್ಟ್ ರಿನ್ಯೂವಲ್ ಜೂನ್‌ನಲ್ಲಿ ಅಲ್ಲವಾ?” ಅಂತ ಕೇಳಿದರು, ಹವಾಮಾನ ವಿಚಾರಿಸುವವರ ಹಾಗೆ.

“ಹೌದು. ಪ್ರತಿ ವರ್ಷ ಜೂನ್‌ನಲ್ಲೇ,” ಅಂದು ಎದ್ದು ಬಂದೆ.

ಮೆಟ್ಟಿಲಿಳಿಯುತ್ತ ಜೂನ್‌ಗೆ ಇನ್ನೆಷ್ಟು ತಿಂಗಳು ಅಂತ ಲೆಕ್ಕ ಹಾಕಿದೆ. ಇಲ್ಲಿ ಕೆಲಸ ಅಂದರೆ ಬರೀ ಕೆಲಸವಲ್ಲ, ಇಕಾಮಾ; ಈ ದೇಶದಲ್ಲಿ ಇರಲು ಕೊಡುವ ಪರವಾನಗಿ. ಅದಕ್ಕೆ ಜಾಮೀನು ನಿಲ್ಲುವವರು ಕೆಲಸ ಕೊಟ್ಟವರು. ನನ್ನ ಇಕಾಮಾ ವಿಶ್ವವಿದ್ಯಾಲಯದ್ದು. ಕೆಲಸ ಹೋದರೆ ಗಂಡನ ಆಶ್ರಿತಳಾಗಿ ಇರಬಹುದು, ಆದರೆ ಗಂಡನ ಕೆಲಸವೂ ಗಟ್ಟಿಯಿರಲಿಲ್ಲ. ಅವರು ಇಲ್ಲಿನ ರಾಯ್ ಬಡಾವಣೆಯ ಒಂದು ಟೈಲ್ಸ್ ಶೋರೂಮಿನಲ್ಲಿ ಅಕೌಂಟೆಂಟ್. ಅಲ್ಲಿ ಒಬ್ಬೊಬ್ಬರನ್ನೇ ಕೆಲಸದಿಂದ ಕಳಿಸುತ್ತಿದ್ದರು.

ಸಂಜೆ ಹೇಳಿದೆ. ಅವರು ತಟ್ಟೆ ಪಕ್ಕಕ್ಕೆ ಸರಿಸಿದರು.

“ಯಾಕೆ ಸುಮ್ನೆ ಎದುರು ಹಾಕ್ಕೋತೀಯಾ? ಆ ಪುಸ್ತಕಾನ ಯಾರು ಓದ್ತಾರೆ? ನೀನೇ ಹೇಳ್ತಿದ್ದೆ, ಅಂಟಿಕೊಂಡಿರೋ ಪುಟಾನೂ ಯಾರೂ ಬಿಡಿಸಲ್ಲ ಅಂತ.”

“ಯಾರೂ ಓದಲ್ಲ ಅಂದ್ರೆ ನನ್ನ ಹೆಸರಿದ್ರೆ ಅವರಿಗೇನು ಕಷ್ಟ ರೀ?”

ಮಗಳು ಫೋನಿನಿಂದ ತಲೆಯೆತ್ತಿದಳು. ಅವಳಿಗೆ ಕನ್ನಡ ಪೂರ್ತಿ ಅರ್ಥವಾಗುತ್ತದೆ, ಬಾಯಿಗೆ ಮಾತ್ರ ಬರುವುದಿಲ್ಲ. “ಅಮ್ಮ, ಹೀ ಈಸ್ ಸ್ಟೀಲಿಂಗ್,” ಅಂದಳು. “ಸಿಂಪಲ್.”

“ಸಿಂಪಲ್ ಅಂತೆ. ಮನೆ ಬಾಡಿಗೆ ಇವಳು ಕಟ್ತಾಳೆ,” ಅಂತ ಅವಳಪ್ಪ ಗೊಣಗಿದರು. ನಾನು ಆ ರಾತ್ರಿ ಚೆನ್ನಾಗಿ ನಿದ್ದೆ ಮಾಡಿದೆ. ಕದಿಯುತ್ತಿದ್ದಾರೆ ಅನ್ನುವ ಮಾತನ್ನು ಮನೆಯಲ್ಲಿ ಒಬ್ಬರಾದರೂ ಬಾಯಿಬಿಟ್ಟು ಹೇಳಿದ್ದು ಸಾಕಾಗಿತ್ತು.

ಮಾರನೆಯ ವಾರ ನಿರ್ದೇಶಕಿಯವರ ಕೋಣೆಯಲ್ಲಿ ಸಮಿತಿ ಸೇರಿತು. ಯಾರೂ ಕರೆಯದಿದ್ದರೂ ನಾನು ಹೋದೆ. ಒಬ್ಬರೂ ಕುರ್ಚಿ ತೋರಿಸಲಿಲ್ಲ. ನಾನೇ ಎಳೆದುಕೊಂಡು ಕೂತೆ. ನಿರ್ದೇಶಕಿಯವರು ನನ್ನ ಅಧ್ಯಾಯವನ್ನು ಓದಿದ್ದರು. “ಇದು ಇರುತ್ತದೆ. ಹೆಸರಿನ ಜೊತೆಗೇ ಇರುತ್ತದೆ,” ಅಂದರು. ಅವರು ದನಿಯೆತ್ತಿ ಮಾತಾಡುವವರಲ್ಲ, ಆದರೆ ಅವರು ಹೀಗೆ ಹೇಳಿದ ಮೇಲೆ ಎದುರಾಡುವವರೂ ಇರಲಿಲ್ಲ.

ಉಪನಿರ್ದೇಶಕರು ಸೋಲೊಪ್ಪಿಕೊಂಡ ಹಾಗೆ ಕೈ ಚೆಲ್ಲಿದರು. ಆಮೇಲೆ ಮೆಲ್ಲಗೆ ತಮ್ಮ ಷರತ್ತು ಇಟ್ಟರು. ಸರಿ, ಇರಲಿ. ಆದರೆ ಪುಸ್ತಕಕ್ಕೊಂದು ಗಾಂಭೀರ್ಯ ಬೇಕಲ್ಲ. ಇದನ್ನು ಎಲ್ಲ ಅಧ್ಯಾಯಗಳೂ, ಅನುಬಂಧಗಳೂ ಮುಗಿದ ಮೇಲೆ ಕಟ್ಟಕಡೆಗೆ ಹಾಕೋಣ. ಎರಡು ಭಾಷೆಯಲ್ಲೂ ಒಂದೇ ಕ್ರಮವಿರಲಿ. ಇನ್ನು ಲೇಖಕರ ಹೆಸರುಗಳು ಅಧ್ಯಾಯದ ತಲೆಯ ಮೇಲೆ ಬೇಡ, ಕೊನೆಯ ಸಾಲು ಮುಗಿದ ಮೇಲೆ ಇರಲಿ. ಎಲ್ಲರದೂ ಹಾಗೇ, ಯಾರಿಗೂ ಭೇದವಿಲ್ಲ. ಹೀಗೆ ಹೇಳುವಾಗ ನನ್ನ ಕಡೆ ನೋಡಿ ಮುಗುಳ್ನಕ್ಕರು. ಕಟ್ಟಕಡೆಯ ಅಧ್ಯಾಯದ ಕಟ್ಟಕಡೆಯ ಸಾಲಿನ ಕೆಳಗೆ ಹೋಗಿ ನನ್ನ ಹೆಸರು ಯಾರು ನೋಡುತ್ತಾರೆ ಅನ್ನುವುದು ಅವರ ಲೆಕ್ಕಾಚಾರ.

ನಾನು ಬಾಯಿ ತೆರೆದವಳು ಹಾಗೇ ಮುಚ್ಚಿಕೊಂಡೆ.

ಯಾಕೆ ಅಂತ ಹೇಳಬೇಕಾದರೆ ಇಲ್ಲಿನ ಎರಡು ಭಾಷೆಯ ಪುಸ್ತಕ ಹೇಗಿರುತ್ತದೆ ಅಂತ ಹೇಳಬೇಕು. ಇಂಥ ಪುಸ್ತಕಕ್ಕೆ ಮುಖಪುಟ ಎರಡು. ಎಡಗಡೆಯಿಂದ ತೆರೆದರೆ ಇಂಗ್ಲಿಷ್ ಶುರುವಾಗಿ ಬಲಕ್ಕೆ ಸಾಗುತ್ತದೆ. ಅದೇ ಪುಸ್ತಕವನ್ನು ಬಲಗಡೆಯಿಂದ ತೆರೆದರೆ ಅರಬ್ಬಿ ಶುರುವಾಗಿ ಎಡಕ್ಕೆ ಸಾಗುತ್ತದೆ. ಎರಡೂ ಒಂದರ ಕಡೆಗೊಂದು ನಡೆದು ಬಂದು ಪುಸ್ತಕದ ಹೊಟ್ಟೆಯಲ್ಲಿ ಸೇರುತ್ತವೆ. ಹಿಂಬದಿ ಅನ್ನುವುದು ಅದಕ್ಕೆ ಇರುವುದೇ ಇಲ್ಲ. ಇಂಗ್ಲಿಷಿನ ಕೊನೆಯ ಪುಟವೂ ಅರಬ್ಬಿಯ ಕೊನೆಯ ಪುಟವೂ ನಟ್ಟನಡುವೆ ಎದುರುಬದುರಾಗಿ ಇರುತ್ತವೆ. ಅವೆರಡರ ಮಧ್ಯೆ, ಎರಡು ಭಾಷೆಗೂ ಸಲ್ಲುವಂಥದ್ದಾದ್ದರಿಂದ, ಫೋಟೋಗಳನ್ನು ದಪ್ಪ ಆರ್ಟ್ ಪೇಪರಿನಲ್ಲಿ ಅಚ್ಚು ಹಾಕಿ ಹೊಲಿಯುತ್ತಾರೆ. ದಪ್ಪ ಕಾಗದ ಇರುವ ಕಡೆಗೇ ಪುಸ್ತಕ ತೆರೆದುಕೊಳ್ಳುತ್ತದೆ. ಓದುವ ಮನಸ್ಸಿಲ್ಲದವರೂ ಮೊದಲು ನೋಡುವುದು ಫೋಟೋವನ್ನೇ.

ಉಪನಿರ್ದೇಶಕರು ನೋಡಿದ್ದು ಕಂಪ್ಯೂಟರಿನಲ್ಲಿ ಇಂಗ್ಲಿಷ್ ಫೈಲನ್ನು ಮಾತ್ರ. ಅದರಲ್ಲಿ ಕೊನೆ ಅಂದರೆ ಕೊನೆಯೇ. ಅವರು ತಮ್ಮ ಊರಿನ ಪುಸ್ತಕದ ಲೆಕ್ಕದಲ್ಲಿ ನನ್ನನ್ನು ಮೂಲೆಗೆ ತಳ್ಳಿದ್ದರು.

“ಆಗಬಹುದು ಡಾಕ್ಟರ್,” ಅಂದೆ. “ಕೊನೆಗೇ ಹಾಕಿ.”

ಪುಸ್ತಕ ಅಚ್ಚಾದದ್ದು ರಾಯ್‌ನ ಒಂದು ಪ್ರೆಸ್ಸಿನಲ್ಲಿ. ಎರಡು ಶೋರೂಮುಗಳ ಹಿಂದಿನ ಗಲ್ಲಿ, ಒಳಗೆ ಕಾಲಿಟ್ಟರೆ ಶಾಯಿ ಮತ್ತು ಅಂಟಿನ ವಾಸನೆ. ಅದರ ಪಾಲುದಾರರು ಮಂಗಳೂರು ಕಡೆಯ ಬ್ಯಾರಿ, ಐವತ್ತು ದಾಟಿದವರು, ಬಾಯಿ ತುಂಬ ಮಾತು. ಪುಟ ಜೋಡಣೆ ನೋಡಿ ಬರಲು ವಿಭಾಗದಿಂದ ನನ್ನನ್ನೇ ಕಳಿಸಿದರು. ಅವರು ಹಾಲಿಲ್ಲದ ಸುಲೈಮಾನಿ ಚಹಾ ತರಿಸಿ, ಕನ್ನಡಕ ಹಣೆಗೇರಿಸಿ, ನಮೂನೆಯ ಪ್ರತಿಯನ್ನು ಮುಂದಿಟ್ಟರು.

“ಅಕ್ಕ, ಒಂದು ಡೌಟುಂಟು. ಇಮೇಲಲ್ಲಿ ಬರೆದಿದ್ದಾರೆ, ಈ ಚಾಪ್ಟರ್ ಎರಡು ಭಾಷೆಯಲ್ಲಿಯೂ ಲಾಸ್ಟಿಗೆ ಹೋಗ್ಬೇಕು ಅಂತ. ಲಾಸ್ಟ್ ಅಂದ್ರೆ ಇದು ನಡುವಿಗೆ ಬರ್ತದಲ್ಲ ಮಾರಾಯ್ರೆ?”

“ಬರುತ್ತೆ.”

“ಫೋಟೋದ ಈಚೆಯೂ ಇದೇ, ಆಚೆಯೂ ಇದೇ. ಹೆಸರು ಸಹ ಅಲ್ಲಿಯೇ. ಅವರಿಗೆ ಗೊತ್ತುಂಟಾ?”

“ಇಮೇಲಲ್ಲಿ ಏನು ಬರೆದಿದ್ದಾರೆ?”

“ಲಾಸ್ಟ್ ಅಂತ.”

“ಹಾಗಾದ್ರೆ ಲಾಸ್ಟಿಗೇ ಹಾಕಿ.”

ಅವರು ಕನ್ನಡಕ ಕೆಳಗಿಳಿಸಿ ಆ ಹೆಸರನ್ನು ನೋಡಿದರು, ನನ್ನ ಕೊರಳಿನ ಗುರುತಿನ ಚೀಟಿ ನೋಡಿದರು. “ಇದು ನಿಮ್ಮದಲ್ವಾ ಅಕ್ಕ?”

“ಹೌದು.”

ಪ್ರೆಸ್ಸಿನ ಸದ್ದನ್ನೂ ಮೀರಿ ನಕ್ಕರು. “ನೀವು ಭಾರೀ ಜನ ಮಾರಾಯ್ರೆ! ಆಯ್ತು, ಯಲ್ಲಾ. ನನ್ನನ್ನು ಕೇಳಿದ್ರೆ ನಾನು ಇಮೇಲ್ ತೋರಿಸುದು, ಅಷ್ಟೇ.”

ಅಂತಿಮ ಒಪ್ಪಿಗೆಗೆ ಆ ನಮೂನೆ ಪ್ರತಿ ನಿರ್ದೇಶಕಿಯವರ ಮೇಜಿಗೆ ಹೋಯಿತು. ನಾನೇ ತೆಗೆದುಕೊಂಡು ಹೋಗಿ ಕೊಟ್ಟೆ. ಅವರು ಅರಬ್ಬಿ ಕಡೆಯಿಂದ ತಿರುವುತ್ತ ಬಂದರು. ನಡುವಿಗೆ ಬಂದಾಗ ಕೈ ನಿಂತಿತು. ಒಂದು ಕಡೆ ಅರಬ್ಬಿಯಲ್ಲಿ ನನ್ನ ಹೆಸರು. ಫೋಟೋಗಳ ಹಾಳೆಗಳನ್ನು ದಾಟಿದರೆ ಇನ್ನೊಂದು ಕಡೆ ಇಂಗ್ಲಿಷಿನಲ್ಲಿ ನನ್ನ ಹೆಸರು. ತಲೆಯೆತ್ತಿ ನನ್ನನ್ನು ನೋಡಿದರು. ನಾನು ಗೋಡೆಯ ಕ್ಯಾಲೆಂಡರ್ ನೋಡಿದೆ. “ಯಾ ಸಲಾಂ,” ಅಂದರು ತಮ್ಮಷ್ಟಕ್ಕೇ, ಭಲೇ ಅನ್ನುವ ಹಾಗೆ, ಮತ್ತು ಸಹಿ ಹಾಕಿದರು.

ಬಿಡುಗಡೆಯ ದಿನ ಸಭಾಂಗಣದಲ್ಲಿ ತುಂಬ ಜನ. ನಾನು ಗಂಜಿ ಹಾಕಿದ ಸೀರೆ ಉಟ್ಟು ಹಿಂದಿನ ಸಾಲಿನಲ್ಲಿ ಕೂತಿದ್ದೆ. ಗಂಡ ಬರುವುದಿಲ್ಲ ಅಂದಿದ್ದವರು ಅರ್ಧ ದಿನ ರಜೆ ಹಾಕಿ ಬಂದು ಪಕ್ಕದಲ್ಲಿ ಕೂತರು, ಯಾಕೆ ಬಂದೆ ಅಂತ ಅವರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಮುಖ್ಯ ಅತಿಥಿಗಳು ರೇಷ್ಮೆ ಪಟ್ಟಿ ಬಿಚ್ಚಿ, ಫೋಟೋಗ್ರಾಫರುಗಳಿಗಾಗಿ ಪುಸ್ತಕವನ್ನು ಅಗಲವಾಗಿ ತೆರೆದು ಹಿಡಿದರು. ಪುಸ್ತಕ ತನಗೆ ಬೇಕಾದಲ್ಲಿ ತೆರೆದುಕೊಂಡಿತು. ಅವರ ಪಕ್ಕದಲ್ಲಿ ನಿಂತಿದ್ದ ಉಪನಿರ್ದೇಶಕರು ನಗುತ್ತಲೇ ಇಣುಕಿದರು. ತಮ್ಮ ಪ್ರತಿಯನ್ನು ತೆರೆದರು. ಮುಚ್ಚಿದರು. ಇನ್ನೊಂದು ಕಡೆಯಿಂದ ತೆರೆದರು. ಅವರ ಮುಖದ ಮೇಲಿನ ನಗು ಇಳಿದದ್ದು ಹಿಂದಿನ ಸಾಲಿಗೂ ಕಾಣಿಸಿತು. ನನ್ನ ಹೊಟ್ಟೆ ತಣ್ಣಗಾಯಿತು ಅಂತ ಹೇಳಲು ನನಗೇನೂ ನಾಚಿಕೆಯಿಲ್ಲ.

ಮುಖ್ಯ ಅತಿಥಿಗಳು ಆ ಪುಟದ ಮೇಲೆ ಕಣ್ಣಾಡಿಸಿ ನಿರ್ದೇಶಕಿಯವರನ್ನು ಏನೋ ಕೇಳಿದರು. ಅವರು ನನ್ನ ಕಡೆ ಕೈ ತೋರಿಸಿದರು. ಮೊದಲ ಸಾಲುಗಳಲ್ಲಿದ್ದ ತಲೆಗಳೆಲ್ಲ ಹಿಂದಕ್ಕೆ ತಿರುಗಿದವು.

“ಎದ್ದು ನಿಂತ್ಕೋ,” ಅಂತ ಗಂಡ ಮೊಣಕೈಯಲ್ಲಿ ತಿವಿದರು. ನಿಂತೆ.

ಚಹಾದ ಹೊತ್ತಿಗೆ ಉಪನಿರ್ದೇಶಕರು ನನ್ನನ್ನು ಹುಡುಕಿಕೊಂಡು ಬಂದರು. “ಇದನ್ನು ಇಲ್ಲಿ ಹಾಕಿಸಿದ್ದು ಯಾರು?” ಅಂತ ಹಲ್ಲು ಕಚ್ಚಿ ಕೇಳಿದರು.

“ನೀವೇ ಡಾಕ್ಟರ್. ಕಟ್ಟಕಡೆಗೆ ಅಂದಿರಿ. ಅದೇ ಕಟ್ಟಕಡೆ.”

ಇಲ್ಲಿಗೆ ಮುಗಿದಿದ್ದರೆ ನಾನೂ ನಕ್ಕು ಮರೆಯುತ್ತಿದ್ದೆ. ಮುಗಿಯಲಿಲ್ಲ. ಆ ಬೇಸಿಗೆಗೆ ಮೊದಲು ನಿರ್ದೇಶಕಿಯವರು ನಿವೃತ್ತರಾದರು. ಅವರ ಕುರ್ಚಿಯಲ್ಲಿ ತಾತ್ಕಾಲಿಕವಾಗಿ ಉಪನಿರ್ದೇಶಕರು ಬಂದು ಕೂತರು. ಅಚ್ಚಾದ ಪ್ರತಿಗಳು ದೇಶದೇಶಕ್ಕೆ ಉಡುಗೊರೆ ಹೋಗಿಯಾಗಿತ್ತು, ಅವನ್ನು ಯಾರೂ ಏನೂ ಮಾಡುವಂತಿರಲಿಲ್ಲ. ಆದರೆ ಪುಸ್ತಕವನ್ನು ವಿಶ್ವವಿದ್ಯಾಲಯದ ಜಾಲತಾಣದಲ್ಲಿ ಹಾಕುವುದು ಬಾಕಿಯಿತ್ತು. ರಟ್ಟಿನ ಪುಸ್ತಕ ಗಾಜಿನ ಬೀರುವಿಗೆ ಹೋಗುತ್ತದೆ. ಜಾಲತಾಣದ್ದನ್ನು ಜನ ನಿಜವಾಗಿ ಓದುತ್ತಾರೆ, ಅದನ್ನೇ ಆಧಾರವಾಗಿ ಕೊಡುತ್ತಾರೆ. ನಮ್ಮ ಆರು ಜನರ ಕೆಲಸ ಯಾರದ್ದು ಎಂದು ಇನ್ನು ಮುಂದೆ ತೀರ್ಮಾನವಾಗುವುದು ಅಲ್ಲಿಯೇ.

ಏನಾಯಿತು ಅಂತ ಮೊದಲೇ ಹೇಳಿಬಿಡುತ್ತೇನೆ. ಆ ಜೂನ್‌ನಲ್ಲಿ ನನ್ನ ಕೆಲಸ ಹೋಯಿತು. ಈಗ ಗಂಡನ ಇಕಾಮಾದ ಮೇಲೆ ಸಾಲ್ಮಿಯಾದ ಮನೆಯಲ್ಲಿ ಕೂತು ಇದನ್ನು ಬರೆಯುತ್ತಿದ್ದೇನೆ. ಅವರ ಶೋರೂಮು ಇನ್ನೂ ಮುಚ್ಚಿಲ್ಲ. ಮುಚ್ಚಿದರೆ ಸಾಮಾನು ಕಟ್ಟಬೇಕು. ಕೈ ಬಿಗಿಯಾಗಿದೆ, ಇಲ್ಲ ಅನ್ನುವುದಿಲ್ಲ. ನನ್ನನ್ನು ಕಂಡು ಅಯ್ಯೋ ಪಾಪ ಅನ್ನುವವರಿದ್ದಾರೆ, ಸಂಘದ ಕಾರ್ಯಕ್ರಮಗಳಲ್ಲಿ ಸಿಕ್ಕಿ ತಲೆ ಸವರುವ ಹಾಗೆ ಮಾತಾಡುತ್ತಾರೆ. ಅವರಿಗಾಗಿಯೇ ಕೆಲಸ ಹೋದ ದಿನ ನಡೆದದ್ದನ್ನು ನಡೆದ ಹಾಗೆ ಬರೆಯುತ್ತೇನೆ.

ಬೆಳಿಗ್ಗೆಯೇ ಕರೆ ಬಂತು. ನಿರ್ದೇಶಕಿಯವರದಾಗಿದ್ದ ಕೋಣೆಯ ಪರದೆಗಳೆಲ್ಲ ಬದಲಾಗಿದ್ದವು. “ಕೂತುಕೊಳ್ಳಿ ಮೇಡಂ, ಕೂತುಕೊಳ್ಳಿ,” ಅಂತ ಉಪನಿರ್ದೇಶಕರು ತಾವೇ ಕುರ್ಚಿ ಎಳೆದರು. ಚಹಾ ಬಂತು. ಮಗಳು ಯಾವ ಕ್ಲಾಸು, ಮುಂದೆ ಏನು ಓದಿಸುತ್ತೀರಿ ಅಂತೆಲ್ಲ ವಿಚಾರಿಸಿದರು. ಬೆಣ್ಣೆ ಹಚ್ಚುತ್ತಿದ್ದಾರೆ ಅಂತ ಗೊತ್ತಾಗಿ ಚಹಾ ಮುಟ್ಟಲಿಲ್ಲ. ಆಮೇಲೆ ಎರಡು ಹಾಳೆ ತೆಗೆದು ನನ್ನ ಮುಂದಿಟ್ಟರು.

ಒಂದು ನನ್ನ ಕಾಂಟ್ರಾಕ್ಟಿನ ಮುಂದುವರಿಕೆ. ಒಂದು ವರ್ಷಕ್ಕಲ್ಲ, ಮೂರು ವರ್ಷಕ್ಕೆ. ಎಷ್ಟೋ ಸಲ ಕೇಳಿಯೂ ನನಗೆ ಯಾರೂ ಮೂರು ವರ್ಷದ್ದು ಕೊಟ್ಟಿರಲಿಲ್ಲ.

ಇನ್ನೊಂದು ಪ್ರಕಾಶನದ ಕಾಗದ. ಜಾಲತಾಣದ ಆವೃತ್ತಿಯಿಂದ ನನ್ನ ಅಧ್ಯಾಯವನ್ನು ಕೈಬಿಡಲು ನಾನು ಸ್ವಂತ ಇಚ್ಛೆಯಿಂದ ಒಪ್ಪಿದ್ದೇನೆ ಅಂತ ಅದರಲ್ಲಿತ್ತು. ಕೆಳಗೆ ಲೇಖಕರ ಸಹಿಗೆ ಜಾಗ.

“ಸಣ್ಣ ಔಪಚಾರಿಕತೆ ಅಷ್ಟೇ,” ಅಂದರು. “ಪ್ರಕಾಶನದವರದ್ದು ಒಂದು ನಿಯಮ. ಲೇಖಕರು ಒಪ್ಪದೆ ಅವರ ಬರಹ ತೆಗೆಯುವ ಹಾಗಿಲ್ಲವಂತೆ. ಅಚ್ಚಿನ ಪುಸ್ತಕದಲ್ಲಿ ನಿಮ್ಮದು ಇದ್ದೇ ಇದೆಯಲ್ಲ, ನಿಮಗೇನು ನಷ್ಟ? ಎರಡಕ್ಕೂ ಸಹಿ ಮಾಡಿ, ಖಲಾಸ್.”

ಮೂರು ವರ್ಷ ಅನ್ನುವುದು ಕಣ್ಣ ಮುಂದೆ ಬಂದು ನಿಂತಿತು. ಮಗಳ ಡಿಗ್ರಿ ಅದರಲ್ಲಿ ಮುಗಿಯುತ್ತಿತ್ತು. ಗಂಡ ರಾತ್ರಿ ಎದ್ದು ಕೂರುವುದು ತಪ್ಪುತ್ತಿತ್ತು. ಪೆನ್ನು ಎತ್ತಿಕೊಂಡೆ ಕೂಡ. ಸಹಿ ಮಾಡುವ ಜಾಗದ ಮೇಲೆ 'ಲೇಖಕರು' ಎಂಬ ಪದವಿತ್ತು. ಅದನ್ನೇ ನೋಡುತ್ತ ಕೂತೆ. ಹೆಸರಿಲ್ಲದೆ ಅವರ ಅಧ್ಯಾಯದೊಳಗೆ ಕರಗಿಹೋಗಲು ಅವತ್ತು ನಾನು ಒಪ್ಪಿಕೊಂಡಿದ್ದರೆ ಇವತ್ತು ಈ ಕುರ್ಚಿ, ಈ ಚಹಾ, ಈ ಮೂರು ವರ್ಷ ಯಾವುದೂ ಇರುತ್ತಿರಲಿಲ್ಲ. ನನ್ನನ್ನು ಕೇಳದೆಯೇ ಅಳಿಸಿ ಕೈ ತೊಳೆದುಕೊಳ್ಳುತ್ತಿದ್ದರು. ಕೇಳದೆ ಮಾಡುವುದು ಅವರಿಂದ ಆಗುತ್ತಿಲ್ಲ, ಅದಕ್ಕೇ ಕೇಳುತ್ತಿದ್ದಾರೆ.

“ಏನು ಯೋಚನೆ ಮೇಡಂ?” ಅಂದರು.

ಪೆನ್ನನ್ನು ಎರಡು ಹಾಳೆಗಳ ಮೇಲೂ ಅಡ್ಡಕ್ಕೆ ಇಟ್ಟೆ.

“ಡಾಕ್ಟರ್, ಇಷ್ಟು ವರ್ಷ ಈ ಗ್ರಂಥಾಲಯ ನನಗೆ ಹೇಳಿತ್ತು, ನನ್ನನ್ನು ಕಳಿಸಿತ್ತು, ಕೂರಿಸಿತ್ತು, ನಿಲ್ಲಿಸಿತ್ತು. ಒಂದು ದಿನವೂ ನನ್ನ ಒಪ್ಪಿಗೆ ಕೇಳಿರಲಿಲ್ಲ. ಇವತ್ತು ಮೊದಲನೇ ಸಲ ಕೇಳ್ತಿದೆ,” ಅಂದೆ. “ಒಪ್ಪಿಗೆ ಇಲ್ಲ.”